ಗದ್ದೇಲಿ ಯಾವಾಗ್ಲೂ ನೀರು ನಿಂತಿರ್ಲೇಬೇಕಾ? ಒಂದಡಿ ಪೈಪ್ ಹೂತು ನೋಡಿ

ನಾಟಿ ಆಗಿ ತಿಂಗಳಾದ ಗದ್ದೆಗೆ ಕಾಲಿಟ್ಟು ನೋಡಿ, ಹಿಮ್ಮಡಿ ಕೆಸರಲ್ಲಿ ಹೂತ ಕೂಡ್ಲೇ ಪಕ್ಕದಲ್ಲಿ ಬುಳುಬುಳು ಅಂತ ಗುಳ್ಳೆ ಏಳತ್ವೆ. ಚಿಕ್ಕೋರಿದ್ದಾಗ ಅದನ್ನ ನೋಡೋಕೇ ನಾವು ಗದ್ದೆಗೆ ಇಳೀತಿದ್ವಿ, ಅದರಲ್ಲಿ ಮೀಥೇನ್ ಇರತ್ತೆ, ಗೋಬರ್ ಗ್ಯಾಸ್ ಒಲೇಲಿ ಉರಿಯೋದೂ ಅದೇ ಅಂತ ಗೊತ್ತಾಗಿದ್ದು ಎಷ್ಟೋ ವರ್ಷ ಆದ್ಮೇಲೆ.

ನೀರು ನಿಂತ್ರೆ ಮಣ್ಣಿಗೆ ಗಾಳಿ ಹೋಗಲ್ಲ, ಗಾಳಿ ಇಲ್ದೇ ಬದುಕೋ ಸೂಕ್ಷ್ಮಜೀವಿಗಳು ಅಲ್ಲಿ ಕೊಳೀತಿರೋ ಕೂಳೆ, ಬೇರು, ಸೊಪ್ಪಿನಿಂದ ಮೀಥೇನ್ ಮಾಡ್ತವೆ. ಗುಳ್ಳೆಯಾಗಿ ಬರೋದು ಸ್ವಲ್ಪಾನೇ, ಬಹುಪಾಲು ಪೈರಿನ ಒಳಗಿನ ಟೊಳ್ಳು ದಾರಿಯಿಂದ ಹೊಗೆ ಗೂಡಲ್ಲಿ ಹೋದ ಹಾಗೆ ಮೇಲಕ್ಕೆ ಹೋಗತ್ತೆ. ಈ ಅನಿಲ 20 ವರ್ಷದ ಲೆಕ್ಕದಲ್ಲಿ ಕಾರ್ಬನ್ ಡೈಆಕ್ಸೈಡ್‌ಗಿಂತ 80 ಪಟ್ಟು ಹೆಚ್ಚು ಬಿಸಿ ಹಿಡಿದು ಭೂಮೀನ ಕಾಯಿಸತ್ತೆ, ಆದ್ರೆ ಗಾಳೀಲಿ ಉಳಿಯೋದು ಸುಮಾರು 12 ವರ್ಷ ಅಷ್ಟೇ, ಹಾಗಾಗಿ ಇವತ್ತು ಕಡಿಮೆ ಮಾಡಿದ್ರೆ ಫಲ ನಮ್ಮ ಕಾಲದಲ್ಲೇ ಕಾಣತ್ತೆ. ಕೃಷಿಯಿಂದ ಬರೋ ಮೀಥೇನ್‌ನಲ್ಲಿ ಮೆಲುಕು ಹಾಕೋ ದನಕರುಗಳ ಪಾಲೇ ದೊಡ್ದು, ಭತ್ತದ್ದು ಆಮೇಲೆ, ನಿಜ. ಆದ್ರೆ ಹಸು ಮೆಲುಕು ಹಾಕೋದನ್ನ ನಿಲ್ಸೋಕಾಗಲ್ಲ, ಗದ್ದೆ ನೀರು ನಮ್ಮ ಕೈಲಿದೆ.

ಐಆರ್ 64 ಭತ್ತದ ತಳಿ ಕೊಟ್ಟ ಫಿಲಿಪ್ಪೀನ್ಸ್‌ನ ಅಂತಾರಾಷ್ಟ್ರೀಯ ಭತ್ತ ಸಂಶೋಧನಾ ಸಂಸ್ಥೆಯೋರು ಇದಕ್ಕೆ ಹೇಳ್ಕೊಡೋದು ತುಂಬಾ ಸುಲಭದ ದಾರಿ: ನೀರು ಕಟ್ಟಿ, ಆರೋಕೆ ಬಿಡಿ, ಮತ್ತೆ ಕಟ್ಟಿ. ಸರಿಯಾಗಿ ಮಾಡಿದ್ರೆ ಮೀಥೇನ್ ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯತ್ತೆ, ನೀರು 30% ತನಕ ಉಳಿಯತ್ತೆ.

ಮತ್ತೆ ಯಾವಾಗ ಕಟ್ಬೇಕು ಅಂತ ತಿಳಿಯೋಕೆ ಮಣ್ಣೊಳಗೆ ನೀರು ಎಷ್ಟು ಕೆಳಗಿದೆ ಅಂತ ನೋಡ್ಬೇಕು, ಅದಕ್ಕೇ ಈ ಪೈಪ್. ಮೊದಲು 4 ಇಂಚಿನ ಪಿವಿಸಿ ಪೈಪ್ ಒಂದಡಿ ಕಟ್ ಮಾಡ್ಕೊಳ್ಳಿ. ಕೆಳಗಿನ 8 ಇಂಚಿಗೆ ಸುತ್ತ ಸಣ್ಣ ತೂತು ಹಾಕ್ಬೇಕು, ಡ್ರಿಲ್ ಇಲ್ದಿದ್ರೆ ಕಾದ ಮೊಳೆ ಸಾಕು. ಬದುವಿಗೆ ಹತ್ರ, ಆದ್ರೆ ಉಬ್ಬೂ ಅಲ್ಲದ ತಗ್ಗೂ ಅಲ್ಲದ ಜಾಗದಲ್ಲಿ ತೂತಿರೋ ಭಾಗ ಪೂರ್ತಿ ಮಣ್ಣೊಳಗೆ ಹೋಗೋ ಥರ ಹೂಳಿ, 4 ಇಂಚು ಮೇಲೆ ಕಾಣ್ಬೇಕು. ಆಮೇಲೆ ಪೈಪಿನೊಳಗೆ ಕೈ ಹಾಕಿ ಕೆಸರೆಲ್ಲಾ ತೆಗೀರಿ, ಇದನ್ನ ಮರೆತ್ರೆ ಮಾಡಿದ್ದೆಲ್ಲಾ ವ್ಯರ್ಥ. ಒಳಗೂ ಹೊರಗೂ ನೀರು ಒಂದೇ ಮಟ್ಟಕ್ಕೆ ಬರ್ಲಿಲ್ಲ ಅಂದ್ರೆ ತೂತು ಮುಚ್ಕೊಂಡಿದೆ ಅಂತ, ಎತ್ತಿ ತೊಳೆದು ಮತ್ತೆ ಹೂಳಿ.

ಒಂದು ಕಡ್ಡಿಗೆ 10 ಇಂಚಿಗೆ ಗುರುತು ಹಾಕಿ ಇಟ್ಕೊಳ್ಳಿ. ಪೈಪಿನ ಬಾಯಿಂದ ಅಳೆದಾಗ ನೀರು ಆ ಗುರುತಿಗೆ ಬಂತು ಅಂದ್ರೆ ಮಣ್ಣಿಂದ 6 ಇಂಚು ಕೆಳಗೆ ಹೋಗಿದೆ ಅಂತ, ಆಗ 2 ಇಂಚು ನೀರು ಕಟ್ಟಿ. ಅಲ್ಲೀವರೆಗೂ ಮೇಲೆ ನೀರು ಕಾಣಿಸ್ಲಿಲ್ಲ ಅಂತ ಗಾಬರಿ ಬೇಡ, ಬೇರು ಕುಡಿಯೋ ಜಾಗದಲ್ಲಿ ನೀರು ಇದ್ದೇ ಇರತ್ತೆ. ನಮ್ಮಪ್ಪನಿಗೆ ನೂರು ಸಲ ಹೇಳಿದ್ರೂ ಒಪ್ಪಿರ್ಲಿಲ್ಲ, ಬೆಳಗ್ಗೆ ಎದ್ದು ತಾವೇ ಪೈಪಿಗೆ ಕಡ್ಡಿ ಇಳಿಸಿ ಅದರ ತುದಿ ಒದ್ದೆಯಾಗಿದ್ದನ್ನ ಬೆರಳಲ್ಲಿ ಮುಟ್ಟಿ ನೋಡಿದ್ಮೇಲೇ ಮೋಟಾರ್ ಹಾಕೋಕೆ ಹೋಗದೆ ವಾಪಸ್ ಬಂದಿದ್ದು.

ನಾಟಿ ಆದ ಮೊದಲ ಎರಡು ವಾರ ಇದನ್ನ ಶುರು ಮಾಡ್ಬೇಡಿ, ಕಳೆ ಜಾಸ್ತಿ ಇದ್ರೆ ಮೂರು ವಾರ ಕಾಯಿರಿ, ನಿಂತ ನೀರೇ ಕಳೇನ ಅದುಮಿಡೋದು. ಹೂ ಬಿಡೋಕೆ ವಾರ ಮೊದಲಿಂದ ಆಮೇಲಿನ ಒಂದು ವಾರದ ತನಕ ಗದ್ದೆ ಒಣಗಲೇಬಾರದು, ಆಗ ನೀರು ತಪ್ಪಿದ್ರೆ ಜೊಳ್ಳು ಗ್ಯಾರಂಟಿ. ಯೂರಿಯಾನ ಆರಿದ ಮಣ್ಣಿಗೆ ಹಾಕಿ ತಕ್ಷಣ ನೀರು ಕಟ್ಟಿ. ಕಂಡಾಪಟ್ಟೆ ಹಾಕ್ಬೇಡಿ, ಯಾಕಂದ್ರೆ ಆರಿಸಿ ಒದ್ದೆ ಮಾಡೋ ಗದ್ದೇಲಿ ನೈಟ್ರಸ್ ಆಕ್ಸೈಡ್ ಅನ್ನೋ ಇನ್ನೊಂದು ಅನಿಲ ಹೆಚ್ಚಾಗತ್ತೆ, ಅದೂ ಬಿಸಿ ಏರಿಸೋದೇ.

ಬೋರ್ ಇರೋರಿಗೆ ಇದು ಸಲೀಸು. ಮಂಡ್ಯ ಕಡೆ ಕಟ್ಟು ಪದ್ಧತೀಲಿ, ಅಂದ್ರೆ ಕೆಲವು ದಿನ ಬಿಟ್ಟು ಕೆಲವು ದಿನ ನಿಲ್ಸಿ, ನಾಲೆ ನೀರು ಬರೋವಾಗ, ಅದೂ ಒಬ್ಬರ ಗದ್ದೆಯಿಂದ ಇನ್ನೊಬ್ಬರ ಗದ್ದೆಗೆ ಹರಿಯೋ ಕಡೆ, ಒಬ್ರೇ ಮಾಡೋಕಾಗಲ್ಲ, ಅಕ್ಕಪಕ್ಕದೋರು ಕೂತು ಮಾತಾಡ್ಕೊಳ್ಳಲೇಬೇಕು. ಸಿಂಧನೂರು, ಗಂಗಾವತಿ ಕಡೆ ಎರೆ ಮಣ್ಣಿನೋರು ಬಿರುಕು ಅಗಲ ಆಗೋಕೆ ಬಿಡ್ಬೇಡಿ, ಆಮೇಲೆ ಕಟ್ಟಿದ ನೀರೆಲ್ಲಾ ಬಿರುಕಲ್ಲೇ ಇಳಿದೋಗತ್ತೆ. ಸವಳು ಭೂಮಿಗೆ ಈ ವಿಧಾನ ಬೇಡವೇ ಬೇಡ, ಆರಿದ್ರೆ ಉಪ್ಪು ಮೇಲಕ್ಕೆ ಬರತ್ತೆ.

ಕೊಯ್ಲಿಗೆ ಮುಂಚೆ ಪೈಪ್ ಕಿತ್ತಿಡೋದು ಮರೀಬೇಡಿ, ಮಿಷನ್‌ಗೆ ಸಿಕ್ಕಿದ್ರೆ ಪೈಪೂ ಹೋಯ್ತು ಬ್ಲೇಡೂ ಹೋಯ್ತು. ತೊಳೆದು ನೆರಳಲ್ಲಿಟ್ರೆ ಮುಂದಿನ ಬೆಳೆಗೂ ಅದೇ ಆಗತ್ತೆ.