ನಾಲ್ಕೂವರೆ ಇಂಚಿನ ನೆರಳು

ಕಲಬುರಗಿಯಿಂದ ಸೇಡಂಗೆ ದಿನಾ ಕಾರಿನಲ್ಲಿ ಓಡಾಡುವವರಿಗೆ ಸೂರ್ಯ ಎರಡು ಸಲ ಎದುರಾಗುತ್ತಾನೆ. ಬೆಳಿಗ್ಗೆ ಹೋಗುವಾಗ ಒಮ್ಮೆ, ಸಂಜೆ ಬರುವಾಗ ಇನ್ನೊಮ್ಮೆ. ರಸ್ತೆ ನೇರ ಪೂರ್ವಕ್ಕಿಲ್ಲ, ಸ್ವಲ್ಪ ದಕ್ಷಿಣಕ್ಕೆ ವಾಲಿದೆ. ಹಾಗಾಗಿ ಬೆಳಗಿನ ಕಾಟ ಚಳಿಗಾಲದಲ್ಲಿ ಜಾಸ್ತಿ, ಸಂಜೆಯ ಕಾಟ ಏಪ್ರಿಲ್-ಮೇನಲ್ಲಿ ಜಾಸ್ತಿ. ಮೂರು ವರ್ಷ ಓಡಾಡಿದ ಮೇಲೆ ಇದು ನನಗೆ ಕ್ಯಾಲೆಂಡರ್ ನೋಡದೇ ಗೊತ್ತಾಗುತ್ತಿತ್ತು.

ನಾನು ಸೇಡಂನಲ್ಲಿ ಒಂದು ಕಂಪನಿಯ ಲೆಕ್ಕಪತ್ರ ನೋಡುತ್ತೇನೆ. ಕಾರು ಹಳೆಯದು, ಸಣ್ಣದು, ಬೇಸ್ ಮಾಡೆಲ್. ಮೇಲಿನ ಮಾಡೆಲ್‌ಗಳಲ್ಲಿ ಮುಂದಿನ ಗಾಜಿನ ತಲೆಗೆ ಬಿಸಿಲು ತಡೆಯೋಕೆ ಹಸಿರು ಪಟ್ಟಿ ಕೊಟ್ಟಿರುತ್ತಾರಲ್ಲ, ಅದು ಇದರಲ್ಲಿಲ್ಲ. ಒಂದು ಜನವರಿ ಬೆಳಿಗ್ಗೆ, ಮಳಖೇಡ ಇನ್ನೂ ಮುಂದಿತ್ತು. ರೈತರು ತೊಗರಿ ರಾಶಿ ಮಾಡುವ ಕಾಲ, ಗಾಳಿಯಲ್ಲೆಲ್ಲ ಹೊಟ್ಟಿನ ಧೂಳು. ಆ ಧೂಳಿಗೆ ಬಿಸಿಲು ಬಿದ್ದು ಗಾಜು ಪೂರ್ತಿ ಬೆಳ್ಳಗಾಯಿತು. ಎದುರಿಗೆ ಕುರಿ ಹಿಂಡು ರಸ್ತೆ ದಾಟುತ್ತಿದ್ದದ್ದು ಕಂಡಿದ್ದು ಕುರಿಗಾಹಿ ಕೋಲೆತ್ತಿ ಕೂಗಿದ ಮೇಲೆ. ಬ್ರೇಕ್ ಹಿಡಿಯಿತು, ಪುಣ್ಯ. ಅವನು ಬೈದಿದ್ದು ಇಲ್ಲಿ ಬರೆಯುವಂಥದ್ದಲ್ಲ, ಆದರೆ ತಪ್ಪು ನನ್ನದೇ.

ಅಂಥದ್ದೇ ಒಂದು ಪಟ್ಟಿ ಹಚ್ಚಿಸೋಣ ಅಂತ ಅದೇ ಭಾನುವಾರ ರೇಡಿಯಂ ಅಂಗಡಿಗೆ ಹೋದೆ. ನಮ್ಮ ಕಡೆ ಗಾಡಿಗೆ ಸ್ಟಿಕರ್ ಹಚ್ಚುವ ಅಂಗಡಿಗೆ ಹಾಗೇ ಕರೆಯುವುದು. ಹುಡುಗ ಟೇಪ್ ಹಿಡಿದು ಗಾಜು ಅಳೆದ.

"ಎಂಟು ಇಂಚ್ ಹಚ್ಚತೀನ್ರಿ ಸರ, ಮಸ್ತ್ ಕಾಣ್ತದ. ಮ್ಯಾಲೆ ಹೆಸರು ಏನ್ ಬರೀಲಿ? ಘತ್ತರಗಿ ಭಾಗ್ಯವಂತಿ? ಶರಣಬಸಪ್ಪ?"

"ಹೆಸರು ಬ್ಯಾಡಪಾ. ನನಗ ಬಿಸಿಲು ತಡದ್ರ ಸಾಕು."

"ಹೆಸರಿಲ್ಲಂದ್ರ ಬೋಳಾ ಬೋಳಾ ಕಾಣ್ತದ್ರಿ."

ಅವನು ಹೇಳಿದ್ದು ನಮ್ಮ ಕಡೆಯ ದೇವರು, ಶರಣರ ಹೆಸರು. ಅವನ ಲೆಕ್ಕವೇ ಬೇರೆ, ನನ್ನ ಲೆಕ್ಕವೇ ಬೇರೆ. ಅವನು ಹೊರಗೆ ನಿಂತು ಕಾರು ನೋಡುತ್ತಿದ್ದ. ನಾನು ಒಳಗೆ ಕೂತು ರಸ್ತೆ ನೋಡಬೇಕು. ಎಂಟು ಇಂಚು ಹಚ್ಚಿಸಿಕೊಂಡವರೊಬ್ಬರ ಗಾಡಿಯಲ್ಲಿ ಕೂತು ನೋಡಿದ್ದೆ. ಸಿಗ್ನಲ್‌ನಲ್ಲಿ ಎಲ್ಲರಿಗಿಂತ ಮುಂದೆ ನಿಂತರೆ ಕೆಂಪು ದೀಪವೇ ಕಾಣುವುದಿಲ್ಲ. ಹಿಂದಿನವರು ಹಾರ್ನ್ ಹೊಡೆದಾಗ ಹೊರಡುವುದು.

ಅಲ್ಲಿ ಇದ್ದದ್ದು ಮೂರು ತರಹದ ಮಾಲು. ಒಂದು, ಒಳಗಿನಿಂದ ಹಚ್ಚುವ ಕಪ್ಪು ಫಿಲ್ಮ್. ನೋಡೋಕೆ ಚೆಂದ, ಆದರೆ ಅಗ್ಗದ್ದು ನಮ್ಮ ಬಿಸಿಲಿಗೆ ಎರಡೇ ಬೇಸಿಗೆಯಲ್ಲಿ ನೇರಳೆ ಬಣ್ಣಕ್ಕೆ ತಿರುಗುತ್ತದೆ. ಅದೂ ಅಲ್ಲದೆ ಕನ್ನಡಿಯ ಹಿಂದೆ, ಗಾಜಿನ ಅಂಚಿನಲ್ಲಿ ಕಪ್ಪು ಚುಕ್ಕೆಗಳ ಸಾಲು ಇರುತ್ತದಲ್ಲ, ಅದರ ಮೇಲೆ ಫಿಲ್ಮ್ ಸರಿಯಾಗಿ ಕೂರುವುದಿಲ್ಲ, ಗಾಳಿ ನಿಂತು ಬೆಳ್ಳಗೆ ಕಾಣುತ್ತದೆ. ಎರಡು, ಬೆಳ್ಳಿ ಬಣ್ಣದ ಲೋಹದ ಫಿಲ್ಮ್. ಅದನ್ನು ಮುಟ್ಟಲೂ ಇಲ್ಲ, ಯಾಕಂದ್ರೆ ನನ್ನ ಫಾಸ್ಟ್ಯಾಗ್ ಇರುವುದು ಕನ್ನಡಿಯ ಹಿಂದೆ, ಅದೇ ಜಾಗದಲ್ಲಿ. ಲೋಹ ಅಡ್ಡ ಬಂದರೆ ಟೋಲ್‌ನ ಯಂತ್ರಕ್ಕೆ ಟ್ಯಾಗ್ ಓದೋಕಾಗಲ್ಲ. ಮೂರನೆಯದು, ಹೊರಗಿನಿಂದ ಹಚ್ಚುವ ಮ್ಯಾಟ್ ಕಪ್ಪು ವಿನೈಲ್. ಬೋರ್ಡಿಗೆ ಬಳಸುವ ಸ್ಟಿಕರೇ. ಬೆಳಕು ಒಂಚೂರೂ ಒಳಗೆ ಬಿಡಲ್ಲ, ಬೇಡವೆಂದರೆ ಕಿತ್ತುಬಿಡಬಹುದು. ಅದನ್ನೇ ಐದು ಅಡಿ ಕತ್ತರಿಸಿಕೊಂಡು ಮನೆಗೆ ತಂದೆ. ಮುನ್ನೂರು ರೂಪಾಯಿಗೂ ಕಡಿಮೆ.

ಅಗಲ ಎಷ್ಟು ಅನ್ನುವುದಕ್ಕೆ ಮೂರು ದಿನ ಹಿಡಿಯಿತು. ಈ ಕೆಲಸದಲ್ಲಿ ತಲೆ ಓಡಿಸಬೇಕಾದ್ದು ಇಲ್ಲೇ, ಉಳಿದದ್ದು ಕೈ ಕೆಲಸ.

ಹಳೇ ಪೇಪರ್ ಕತ್ತರಿಸಿ ಏಳು ಇಂಚಿನ ಪಟ್ಟಿ ಮಾಡಿ, ಗಾಜಿನ ಹೊರಗೆ ಟೇಪಿನಿಂದ ಅಂಟಿಸಿದೆ. ನಾನು ಸೀಟಿನಲ್ಲಿ ದಿನಾ ಕೂರುವ ಹಾಗೆ ಕೂತೆ. ಮಗಳು ಹೊರಗೆ ನಿಂತು "ಪಪ್ಪಾ, ಇನ್ನಾ ಮ್ಯಾಲೆ ಮಡಚಲಾ?" ಅಂತ ಒಂದೊಂದೇ ಬೆರಳು ಮಡಚುತ್ತಾ ಹೋದಳು. ಏಳು ಇಂಚಿನಲ್ಲಿ ಎದುರು ಮನೆಯ ಎರಡನೇ ಮಹಡಿ ಕಾಣುತ್ತಿರಲಿಲ್ಲ. ಐದಕ್ಕೆ ಬಂದಾಗ ತಾರಸಿಯ ನೀರಿನ ಟ್ಯಾಂಕ್ ಕಾಣಿಸಿತು. ಸಿಗ್ನಲ್ ದೀಪವೂ ಹೆಚ್ಚುಕಡಿಮೆ ಆ ಎತ್ತರಕ್ಕೇ ಇರುತ್ತದೆ ಅಂತ ಅಂದಾಜು ಮಾಡಿದೆ. ಆಮೇಲೆ ಹೆಂಡತಿಯನ್ನೂ ಅದೇ ಸೀಟಿನಲ್ಲಿ ಕೂರಿಸಿದೆ. ಅವಳು ನನಗಿಂತ ಕುಳ್ಳಗೆ. ಅವಳಿಗೆ ಅದೇ ಪಟ್ಟಿ ಇನ್ನೂ ಮೇಲೆ ಕಾಣುತ್ತದೆ, ಅಂದರೆ ನೆರಳು ಕಡಿಮೆ. ಇಬ್ಬರು ಓಡಿಸುವ ಕಾರಾದರೆ ಎತ್ತರ ಇರುವವರ ಕಣ್ಣಿಗೇ ಅಳತೆ ಇಡಬೇಕು. ಇಲ್ಲದಿದ್ದರೆ ಅವರು ತಲೆ ಬಗ್ಗಿಸಿ ಓಡಿಸಬೇಕಾಗುತ್ತದೆ.

ಇನ್ನೊಂದು ಅಳತೆ ವೈಪರ್‌ನದು. ಗಾಜಿಗೆ ನೀರು ಚೆಲ್ಲಿ ವೈಪರ್ ಓಡಿಸಿದೆ. ಬ್ಲೇಡಿನ ತುದಿ ಎಲ್ಲಿಯವರೆಗೆ ಏರುತ್ತದೋ ಅಲ್ಲಿ ಮಾರ್ಕರ್‌ನಿಂದ ಗೆರೆ ಎಳೆದೆ. ಅಂಚಿನಿಂದ ಐದು ಇಂಚಿಗಿಂತ ಸ್ವಲ್ಪ ಒಳಗೇ ಬಂತು. ಪಟ್ಟಿ ಆ ಗೆರೆ ದಾಟಿದರೆ ಒಂದು ಮಳೆ ಸಾಕು, ಬ್ಲೇಡ್ ಅಂಚನ್ನು ಎಬ್ಬಿಸಿಬಿಡುತ್ತದೆ. ಹಾಗೆ ನಾಲ್ಕೂವರೆ ಇಂಚಿಗೆ ಬಂದು ನಿಂತೆ.

ಆ ಪೇಪರ್ ಪಟ್ಟಿ ಹಚ್ಚಿಕೊಂಡೇ ಸೋಮವಾರ, ಮಂಗಳವಾರ ಆಫೀಸಿಗೆ ಹೋದೆ. ಜನ ನಕ್ಕರು. ನಗಲಿ. ಆ ಎರಡು ದಿನದಲ್ಲಿ ಗೊತ್ತಾದ ಸಂಗತಿ ಯಾವ ಅಂಗಡಿಯವನೂ ಹೇಳಿರಲಿಲ್ಲ. ಪಟ್ಟಿ ಕೊಡುವುದು ಅರ್ಧ ಗಂಟೆಯ ನೆರಳು ಮಾತ್ರ. ನಮ್ಮಜ್ಜ ಹೊಲದಲ್ಲಿ ಹೊತ್ತು ನೋಡಿ "ಮಾರುದ್ದ ಏರ್ಯಾದ" ಅನ್ನುತ್ತಿದ್ದ. ನಾನು ಕೈ ಪೂರ್ತಿ ಚಾಚಿ ನಾಲ್ಕು ಬೆರಳು ಅಡ್ಡ ಹಿಡಿದು ನೋಡಿದೆ. ಆ ನಾಲ್ಕು ಬೆರಳಿನ ಅಗಲ ದಾಟೋಕೆ ಸೂರ್ಯನಿಗೆ ಸುಮಾರು ಅರ್ಧ ಗಂಟೆ ಬೇಕು. ಸೀಟಿನಿಂದ ನೋಡಿದರೆ ನನ್ನ ಪಟ್ಟಿಯೂ ಅಷ್ಟೇ ಅಗಲ. ಸೂರ್ಯ ಅದಕ್ಕಿಂತ ಮೇಲಿದ್ದರೆ ಕಾರಿನ ಟಾಪೇ ತಡೆಯುತ್ತದೆ. ಕೆಳಗಿಳಿದರೆ ಪಟ್ಟಿ ಇದ್ದರೂ ಒಂದೇ, ಇಲ್ಲದಿದ್ದರೂ ಒಂದೇ. ಜನವರಿಯಲ್ಲಿ ಬೆಳಿಗ್ಗೆ ಎಂಟರಿಂದ ಎಂಟೂವರೆ, ಮೇನಲ್ಲಿ ಸಂಜೆ ಐದೂಕಾಲರಿಂದ ಮುಕ್ಕಾಲರ ತನಕ, ಅಷ್ಟೇ ಅದರ ಡ್ಯೂಟಿ. ಸಂಜೆ ಸೇಡಂ ಬಿಟ್ಟು ಮಳಖೇಡದಲ್ಲಿ ಕಾಗಿಣಾ ನದಿ ದಾಟುವ ತನಕ ಪಟ್ಟಿ, ಅಲ್ಲಿಂದ ಈಚೆ ವೈಸರ್, ಅಂದರೆ ಸೀಟಿನ ಮುಂದೆ ಮೇಲಿನಿಂದ ಕೆಳಗೆ ಮಡಚುವ ಬಿಸಿಲು ತಡೆ. ಕಲಬುರಗಿ ಹತ್ತಿರ ಬರುವ ಹೊತ್ತಿಗೆ ಬಿಸಿಲು ವೈಸರ್‌ನ ಕೆಳಗೂ ತೂರಲು ಶುರು.

ಹಾಗಾದರೆ ವೈಸರ್ ಒಂದೇ ಸಾಲದಾ? ಸಾಲುತ್ತಿರಲಿಲ್ಲ. ಎರಡು ವೈಸರ್‌ಗಳ ನಡುವೆ, ಕನ್ನಡಿಯ ಅಕ್ಕಪಕ್ಕ ಒಂದು ಗೇಣು ಸಂದಿ ಇರುತ್ತದೆ. ರಸ್ತೆ ಸ್ವಲ್ಪ ತಿರುಗಿದರೆ ಸಾಕು, ಸೂರ್ಯ ಆ ಸಂದಿಯಿಂದಲೇ ಕಣ್ಣಿಗೆ ಚುಚ್ಚುತ್ತಾನೆ. ಪಟ್ಟಿಯ ನಿಜವಾದ ಉಪಯೋಗ ಆ ಸಂದಿ ಮುಚ್ಚುವುದು.

ಹಚ್ಚುವ ಕೆಲಸ ಮೊದಲ ಸಲ ಕೆಟ್ಟಿತು. ಭಾನುವಾರ ಮಧ್ಯಾಹ್ನ, ಊಟ ಮಾಡಿ, ಅಂಗಳದಲ್ಲಿ ಶುರು ಮಾಡಿದೆ. ಗಾಜು ಮುಟ್ಟಿದರೆ ಕೈ ಸುಡುತ್ತಿತ್ತು. ಸೋಪಿನ ನೀರು ಸಿಂಪಡಿಸಿದ ಕೂಡಲೇ ಆರಿತು, ಗೋಂದು ಅಲ್ಲೇ ಹಿಡಿಯಿತು. ಸರಿಸೋಕೆ ಹೋದರೆ ಸ್ಟಿಕರ್ ರಬ್ಬರ್ ತರಹ ಎಳೆದುಕೊಂಡು ಸೊಟ್ಟಗಾಯಿತು. ಬೋರ್‌ವೆಲ್ ನೀರು ಬೇರೆ. ನಮ್ಮ ಬೋರಿನ ನೀರು ಗಡಸು, ಆರಿದ ಕಡೆ ಬಿಳಿ ಕಲೆ ಉಳಿಸುತ್ತದೆ. ಆ ಕಲೆ ಸ್ಟಿಕರಿನ ಕೆಳಗೆ ಸಿಕ್ಕಿಕೊಂಡರೆ ಮುಗಿಯಿತು, ಅಂಚು ಅಲ್ಲಿಂದಲೇ ಏಳುತ್ತದೆ. ಕಿತ್ತು ಬಿಸಾಕಿದೆ.

ಎರಡನೇ ಸಲ ಬೆಳಿಗ್ಗೆ ಆರೂವರೆಗೆ, ನೆರಳಿನಲ್ಲಿ. ಒಂದು ಲೀಟರ್ ಫಿಲ್ಟರ್ ನೀರಿಗೆ ಆರೇಳು ಹನಿ ಶಾಂಪೂ ಹಾಕಿ ಸ್ಪ್ರೇ ಬಾಟಲಿಗೆ ತುಂಬಿದೆ. ಗಾಜಿನ ಮೇಲ್ಭಾಗ ಎರಡು ಸಲ ತೊಳೆದು, ಶೇವಿಂಗ್ ಬ್ಲೇಡನ್ನು ಅಡ್ಡಡ್ಡ ಮಲಗಿಸಿ ಕೆರೆದೆ. ಬರಿಗಣ್ಣಿಗೆ ಏನೂ ಕಾಣದ ಗಾಜಿನಿಂದ ಡಾಂಬರ್, ಸಿಮೆಂಟ್ ಧೂಳು ಕಪ್ಪು ಗೆರೆಯಾಗಿ ಬಂತು. ಸಿಮೆಂಟ್ ಲಾರಿಗಳ ಹಿಂದೆ ಓಡಾಡುವ ಕಾರಿನ ಗಾಜು ಹಾಗೇ ಇರುತ್ತದೆ.

ಪಟ್ಟಿ ನೇರವಾಗಿ ಕತ್ತರಿಸಬಾರದು. ಗಾಜು ಬಾಗಿದೆ, ಮೇಲಿನ ಅಂಚೂ ಬಾಗಿದೆ. ನೇರ ಪಟ್ಟಿ ಹಚ್ಚಿದರೆ ನಡುವೆ ಒಂದು ಅಗಲ, ತುದಿಯಲ್ಲಿ ಇನ್ನೊಂದು ಅಗಲ ಆಗಿ, ಹೊರಗಿನಿಂದ ನೋಡಿದರೆ ಕಾರು ಹುಬ್ಬು ಗಂಟು ಹಾಕಿದ ಹಾಗೆ ಕಾಣುತ್ತದೆ. ಪೇಪರ್ ಪಟ್ಟಿಯನ್ನೇ ಅಚ್ಚು ಮಾಡಿಕೊಂಡೆ. ಅದರ ಮೇಲಂಚನ್ನು ಗಾಜಿನ ಅಂಚಿಗೆ ಹೊಂದಿಸಿ, ಪ್ರತಿ ಒಂದು ಗೇಣಿಗೆ ನಾಲ್ಕೂವರೆ ಇಂಚು ಗುರುತು ಹಾಕಿ, ಗುರುತು ಕೂಡಿಸಿ ಕತ್ತರಿಸಿದೆ. ನಟ್ಟನಡುವೆ ಒಂದು ಗೆರೆ, ಸ್ಟಿಕರಿಗೂ ಗಾಜಿಗೂ.

ಗಾಜಿಗೂ ಸ್ಟಿಕರಿನ ಗೋಂದಿಗೂ ಧಾರಾಳವಾಗಿ ನೀರು ಹೊಡೆದು, ನಡುಗೆರೆ ಹೊಂದಿಸಿ ಕೂರಿಸಿದೆ. ಮಗಳು ಒಂದು ತುದಿ, ಹೆಂಡತಿ ಇನ್ನೊಂದು ತುದಿ. ಹಳೇ ಎಟಿಎಂ ಕಾರ್ಡಿಗೆ ಹಳೇ ಬನಿಯನ್ ಬಟ್ಟೆ ಸುತ್ತಿ ನಡುವಿನಿಂದ ಹೊರಕ್ಕೆ ನೀರು ಒತ್ತುತ್ತಾ ಹೋದೆ. ಒಂದೊಂದು ಸಲ ಒತ್ತಿದಾಗಲೂ ಸ್ಟಿಕರಿನ ಕೆಳಗೆ ಒಂದು ಸಣ್ಣ ಅಲೆ ಎದ್ದು, ಅಂಚಿಗೆ ಹೋಗಿ, ತೊಟ್ಟಿಕ್ಕಿ ಬೀಳುತ್ತಿತ್ತು. ಅದನ್ನು ನೋಡುತ್ತಾ ಕೂತರೆ ಟೈಮೇ ಗೊತ್ತಾಗಲ್ಲ. ತುದಿಯ ಬಾಗಿನಲ್ಲಿ ಎದ್ದ ಎರಡು ಸುಕ್ಕಿಗೆ ಹೆಂಡತಿಯ ಹೇರ್ ಡ್ರೈಯರ್ ಹಿಡಿದೆ. ಸ್ಟಿಕರ್ ಮೆತ್ತಗಾದ ಕೂಡಲೇ ಬಟ್ಟೆಯಿಂದ ಒತ್ತಿದರೆ ಕೂತಿತು. ಉಳಿದ ಗುಳ್ಳೆಗಳಿಗೆ ಸೂಜಿ. ಅಂಚನ್ನು ಗಾಜಿನ ರಬ್ಬರ್ ಬೀಡಿಂಗ್‌ನಿಂದ ಎರಡು ಮಿಲಿಮೀಟರ್ ದೂರ ಬಿಟ್ಟೆ. ರಬ್ಬರಿಗೆ ತಾಗಿಸಿದರೆ ಮಣ್ಣು ಅಲ್ಲೇ ಸೇರಿ ಸ್ಟಿಕರ್ ಎಬ್ಬಿಸುತ್ತದೆ. ಒಂದು ದಿನ ಕಾರು ತೊಳೆಯಲಿಲ್ಲ, ವೈಪರ್ ಮುಟ್ಟಲಿಲ್ಲ.

ಮಾರನೇ ದಿನ ಹೊರಟರೆ, ಬಿಸಿಲು ಕಡಿಮೆಯಾಗಿತ್ತು, ಆದರೆ ಅಂದುಕೊಂಡಷ್ಟಲ್ಲ. ಗಾಜು ಇನ್ನೂ ಮಂಜು ಮಂಜು. ಸಿಟ್ಟು ಬಂತು. ಸಂಜೆ ಸುಮ್ನೆ ಒಳಗಿನಿಂದ ಗಾಜಿನ ಮೇಲೆ ಬೆರಳು ಎಳೆದೆ. ಬೆರಳಿನ ಗುರುತು ಸ್ಪಷ್ಟವಾಗಿ ಮೂಡಿತು. ಬಿಸಿಲಿಗೆ ಡ್ಯಾಶ್‌ಬೋರ್ಡಿನ ಪ್ಲಾಸ್ಟಿಕ್ ಕಾದು ಬಿಡುವ ಆವಿ ಒಳಗಿನ ಗಾಜಿಗೆ ಜಿಡ್ಡಾಗಿ ಕೂರುತ್ತದೆ. ಎಷ್ಟು ವರ್ಷದ್ದೋ. ಒದ್ದೆ ಬಟ್ಟೆ, ಆಮೇಲೆ ಒಣ ಪೇಪರ್, ಹತ್ತು ನಿಮಿಷ. ಅರ್ಧ ಕಾಟ ಅಲ್ಲೇ ಹೋಯಿತು, ಒಂದು ಪೈಸೆ ಖರ್ಚಿಲ್ಲದೆ! ಈಗ ಯಾರಾದರೂ ಕೇಳಿದರೆ ಮೊದಲು ಒಳಗಿನ ಗಾಜು ಒರೆಸಿ ನೋಡ್ರಿ ಅಂತೀನಿ. ಅದಾದ ಮೇಲೂ ಬೇಕನ್ನಿಸಿದರೆ ಪಟ್ಟಿಯ ಮಾತು.

ಕಾನೂನಿನ ವಿಷಯ ನನಗೆ ಗೊತ್ತಾಗಿದ್ದು ಹಚ್ಚಿದ ಮೇಲೆ, ಆಫೀಸಿನ ಹಿರಿಯರೊಬ್ಬರು ಹೇಳಿ. ಮೊದಲೇ ಕೇಳಬೇಕಿತ್ತು. 1989ರ ಕೇಂದ್ರ ಮೋಟಾರು ವಾಹನ ನಿಯಮಗಳ 100ನೇ ನಿಯಮದ ಪ್ರಕಾರ ಮುಂದಿನ ಮತ್ತು ಹಿಂದಿನ ಗಾಜಿನಿಂದ ಕನಿಷ್ಠ ಶೇ 70ರಷ್ಟು ಬೆಳಕು ಹಾಯಬೇಕು, ಪಕ್ಕದ ಗಾಜಿನಿಂದ ಶೇ 50. 2012ರ ಏಪ್ರಿಲ್ 27ರಂದು ಸುಪ್ರೀಂ ಕೋರ್ಟ್ ಇನ್ನೂ ಬಿಗಿ ಮಾಡಿತು: ಬೆಳಕು ಎಷ್ಟೇ ಹಾಯಲಿ, ಗಾಜಿನ ಮೇಲೆ ಫಿಲ್ಮ್ ಅಂಟಿಸುವುದೇ ಬೇಡ ಅಂದಿತು. ಕಂಪನಿಯಲ್ಲೇ ಬಣ್ಣ ಸೇರಿಸಿ ಮಾಡಿದ ಗಾಜು, ಶೇಕಡಾವಾರು ಸರಿಯಿದ್ದರೆ, ನಡೆಯುತ್ತದೆ. 2021ರ ಏಪ್ರಿಲ್‌ನಿಂದ ನಿಯಮ ಸ್ವಲ್ಪ ಬದಲಾಗಿದೆ, ಅದನ್ನು ಹಿಡಿದು 2024ರಲ್ಲಿ ಕೇರಳ ಹೈಕೋರ್ಟ್ ಅಳತೆಯೊಳಗಿನ ಫಿಲ್ಮ್ ಹಚ್ಚಬಹುದು ಅಂತಲೂ ಹೇಳಿದೆ. ಆದರೆ ನನ್ನ ಪಟ್ಟಿ ಬೆಳಕನ್ನೇ ಬಿಡದ ಕಪ್ಪು ವಿನೈಲ್. ಯಾವ ಅಳತೆಗೂ ಕೂರುವುದಿಲ್ಲ. ಯಾರೂ ಹಿಡಿಯಲಿಲ್ಲ ಅಂದ ಮಾತ್ರಕ್ಕೆ ಸರಿ ಅಂತ ಹೇಳೋಕಾಗಲ್ಲ. ಪೊಲೀಸರ ಮುಂದೆ ನಿಂತು ಕೇರಳದ ತೀರ್ಪು ಓದುವ ಆಸೆಯೂ ನನಗಿರಲಿಲ್ಲ.

ತೆಗೆಯಬೇಕು ಅಂತ ಮನಸ್ಸು ಮಾಡಿಯೂ ಎರಡು ಬೇಸಿಗೆ ತಳ್ಳಿದೆ. ಕೊನೆಗೆ ದಾರಿ ಮಾಡಿಕೊಟ್ಟಿದ್ದು ಜಲ್ಲಿ ಲಾರಿ. ಒಂದು ಕಲ್ಲು ಸಿಡಿದು ಗಾಜಿಗೆ ಬಿತ್ತು. ಮೊದಲು ಕಡಲೆ ಕಾಳಿನಷ್ಟು ಚುಕ್ಕೆ, ನಾಲ್ಕು ದಿನದಲ್ಲಿ ಈ ಬದಿಯಿಂದ ಆ ಬದಿಗೆ ಬಿರುಕು. ಗಾಜು ಬದಲಿಸುವಾಗ ಮೇಲಿನ ಮಾಡೆಲ್‌ನ ಗಾಜೇ ಕೇಳಿದೆ. ಅಳತೆ ಒಂದೇ, ರೇಟಿನಲ್ಲಿ ಸ್ವಲ್ಪ ವ್ಯತ್ಯಾಸ. ಮುಂದಿನ ಗಾಜು ಅಂದರೆ ನಿಜಕ್ಕೂ ಎರಡು ಗಾಜು, ನಡುವೆ ಪ್ಲಾಸ್ಟಿಕ್ ಪದರ. ಹಸಿರು ಪಟ್ಟಿಯ ಬಣ್ಣ ಇರುವುದು ಆ ಪದರದಲ್ಲೇ. ಏಳುವುದಿಲ್ಲ, ನೇರಳೆಯಾಗುವುದಿಲ್ಲ. ಕೆಳಗೆ ಬರುತ್ತಾ ಬರುತ್ತಾ ತೆಳುವಾಗುತ್ತದೆ, ಅದರ ಮೂಲಕ ಸಿಗ್ನಲ್ ದೀಪವೂ ಕಾಣುತ್ತದೆ. ಕಪ್ಪು ವಿನೈಲ್‌ನಷ್ಟು ನೆರಳು ಕೊಡುವುದಿಲ್ಲ, ಸೂರ್ಯ ಅದರ ಹಿಂದೆ ಹಸಿರು ನಾಣ್ಯದ ಹಾಗೆ ಕಾಣುತ್ತಾನೆ. ಕಣ್ಣಿಗೆ ಚುಚ್ಚುವುದಿಲ್ಲ, ಅಷ್ಟು ಸಾಕು.

ಹೊಸ ಗಾಜು ಕೂರಿಸಿದ ವಾರ ರೇಡಿಯಂ ಅಂಗಡಿ ಮುಂದೆ ಹಾದು ಹೋದೆ. ಹುಡುಗ ಕೈ ಅಡ್ಡ ಮಾಡಿ ನಿಲ್ಲಿಸಿದ. ಗಾಜಿನ ತಲೆ ನೋಡಿದ, ನನ್ನನ್ನು ನೋಡಿದ.

"ಕರೀ ಪಟ್ಟಿ ಎಲ್ಲಿ ಹೋಯ್ತ್ರಿ ಸರ?"

"ಹಸಿರು ಬಂದದ ನೋಡು, ಕಂಪನಿದು."

"ಹಂಗಾದ್ರ ಡಿಕ್ಕಿ ಮ್ಯಾಲರ ಭಾಗ್ಯವಂತಿ ಹಚ್ಚಲೇನ್ರಿ?"

ಹಚ್ಚಿಸಿದೆ. ಐವತ್ತು ರೂಪಾಯಿ.