ಪಾಟ್‌ಲಕ್‌ಗೆ ಬೇಕ್ಡ್ ಬೀನ್ಸ್ ಮಾಡ್ತೀರಾ? ಹುಳಿ ಆಮೇಲೆ ಹಾಕಿ

ಹೋದ ವರ್ಷ ನಮ್ಮ ಬೀದಿಯಲ್ಲಿ ನಡೆದ, ಎಲ್ಲರೂ ಒಂದೊಂದು ಅಡುಗೆ ಮಾಡಿ ತರುವ ಪಾಟ್‌ಲಕ್‌ಗೆ ಬಾಸ್ಟನ್ ಬೇಕ್ಡ್ ಬೀನ್ಸ್ (ಓವನ್ನಿನಲ್ಲಿ ನಿಧಾನವಾಗಿ ಬೇಯಿಸುವ ಅಮೆರಿಕದ ಕಾಳಿನ ಅಡುಗೆ) ಮಾಡಿದ್ದೆ. 5 ಗಂಟೆ ಓವನ್ನಿನಲ್ಲಿಟ್ಟರೂ ಕಾಳು ಗಟ್ಟಿ! ತಪ್ಪು ನನ್ನದೇ. ಮೊಲಾಸಸ್ (ಸ್ವಲ್ಪ ಹುಳಿಯೂ ಇರುವ ಕಪ್ಪು ಕಾಕಂಬಿ), ಟೊಮೆಟೊ ಎರಡನ್ನೂ ಮೊದಲೇ ಸುರಿದಿದ್ದೆ. ಹುಳಿ ಬಿದ್ದರೆ ಕಾಳು ಬೇಗ ಬೇಯಲ್ಲ. ಸಾರಿಗೆ ಹುಣಸೆಹುಳಿ ಕೊನೆಗೆ ಹಾಕುತ್ತೇವಲ್ಲ, ಅದೇ ಲೆಕ್ಕ.

20 ಜನಕ್ಕೆ 1 ಕೆಜಿ ನೇವಿ ಬೀನ್ಸ್ (ಸಣ್ಣ ಬಿಳಿ ಒಣ ಕಾಳು) ಧಾರಾಳ. ರಾತ್ರಿ ನೆನೆಸಿ, ಬೆಳಗ್ಗೆ ಬರೀ ನೀರಿನಲ್ಲಿ ಬೇಯಿಸಿ. ಚಮಚದಲ್ಲಿ ನಾಲ್ಕು ಕಾಳು ತೆಗೆದು ಊದಿ ನೋಡಿ. ಸಿಪ್ಪೆ ಬಿರಿದು ಸುರುಳಿಯಾದರೆ ಹದ ಬಂತು. ಆಮೇಲೆ ಮೊಲಾಸಸ್, ಸಾಸಿವೆ ಪುಡಿ, ಈರುಳ್ಳಿ, ಉಪ್ಪು ಸೇರಿಸಿ, ಮುಚ್ಚಿ, 150 ಡಿಗ್ರಿ ಸೆಲ್ಸಿಯಸ್‌ನಲ್ಲಿ 3 ಗಂಟೆ ಇಡಿ. ನೀರು ಬತ್ತಿದರೆ ಬಿಸಿನೀರೇ ಹಾಕಿ. ಸಾಮಾನ್ಯವಾಗಿ ಇದಕ್ಕೆ ಹಂದಿಮಾಂಸವನ್ನೂ ಹಾಕ್ತಾರೆ; ಸಸ್ಯಾಹಾರಿಗಳಿದ್ದರೆ ಅದು ಬೇಡ, ಸ್ಮೋಕ್ಡ್ ಪ್ಯಾಪ್ರಿಕಾ (ಹೊಗೆಯಲ್ಲಿ ಒಣಗಿಸಿದ ಕೆಂಪು ಮೆಣಸಿನ ಪುಡಿ) ಸಾಕು. ನನಗಂತೂ ಅದೇ ಜಾಸ್ತಿ ಇಷ್ಟ.