ಡೊಕ್-ಗು ಯಾವ ಕನ್ನಡ ಮಾತಾಡಬೇಕು?

ಕೊರಿಯನ್ ಧಾರಾವಾಹಿಗೆ ಸಬ್‌ಟೈಟಲ್ ಬರೆಯುವಾಗ ರಾಜನ ಮಾತನ್ನು ಕನ್ನಡಕ್ಕೆ ತರುವುದು ಸುಲಭ. ನಮ್ಮ ಪೌರಾಣಿಕ ನಾಟಕಗಳು, ಹಳೇ ಸಿನಿಮಾಗಳು, ಮೈಸೂರು ಅರಮನೆಯ ಒಕ್ಕಣೆಗಳು ಸೇರಿ ಆ ಅಂಗಿಯನ್ನು ಆಗಲೇ ಹೊಲಿದಿಟ್ಟಿವೆ. ಅಳತೆ ನೋಡಿ ತೊಡಿಸಿದರೆ ಆಯಿತು. ನನ್ನ ನಿದ್ದೆ ಕೆಡಿಸಿದವನು ರಾಜನಲ್ಲ, ಅರಮನೆಗೆ ಹೆಂಡ ಪೂರೈಸುವ ಡೊಕ್-ಗು ಎಂಬ ಅಡುಗೆಯವನು.

ಅಮ್ಮನ ಮಂಡಿ ಆಪರೇಷನ್ ಆದಾಗ ಶುರುವಾದ ಕೆಲಸ ಇದು. ಪ್ರೈಮರಿ ಸ್ಕೂಲಲ್ಲಿ ಮೇಡಂ ಆಗಿ ನಿವೃತ್ತಳಾದವಳು, ಮೂರು ತಿಂಗಳು ಮಂಚದ ಮೇಲೆ. ಕನ್ನಡ ಸೀರಿಯಲ್‌ಗಳ ಅತ್ತೆ-ಸೊಸೆ ಜಗಳ ಅವಳಿಗೆ ಸಾಕಾಗಿತ್ತು. ನಾನು ಸಂಜೆ ತರಗತಿಯಲ್ಲಿ ಕೊರಿಯನ್ ಕಲಿಯುತ್ತಿದ್ದೆ, 'ದೇ ಜಾಂಗ್ ಗಮ್' ಡಿವಿಡಿಗಳು ನನ್ನ ಹತ್ತಿರ ಇದ್ದವು. ಕೊರಿಯಾದ ಎಂಬಿಸಿ ವಾಹಿನಿಯಲ್ಲಿ 2003ರ ಸೆಪ್ಟೆಂಬರಿನಿಂದ 2004ರ ಮಾರ್ಚ್‌ವರೆಗೆ ಸೋಮವಾರ, ಮಂಗಳವಾರ ಬಂದ 54 ಕಂತು. ಕೊರಿಯಾವನ್ನು ಹಿಂದೆ ಆಳಿದ ಚೋಸನ್ ರಾಜಮನೆತನದ ಅರಮನೆಯ ಅಡುಗೆಮನೆಯಿಂದ ರಾಜವೈದ್ಯೆಯಾಗುವ ಹೆಣ್ಣಿನ ಕಥೆ, ಅಮ್ಮನಿಗೆ ಹೇಳಿ ಮಾಡಿಸಿದಂತಿತ್ತು. ಆದರೆ ಇಂಗ್ಲಿಷ್ ಸಬ್‌ಟೈಟಲ್ ಓಡುವ ವೇಗಕ್ಕೆ ಅವಳ ಕಣ್ಣು ಓಡುತ್ತಿರಲಿಲ್ಲ. "ನೀನೇ ಕನ್ನಡದಲ್ಲಿ ಬರೆದು ಹಾಕೇ, ಏನು ಮಹಾ" ಅಂದಳು.

ಮೊದಲ ಕಂತಿಗೆ ಒಂಬತ್ತು ಸಂಜೆ ಹಿಡಿಯಿತು.

ಮೊದಲ ತಪ್ಪು, ಇಂಗ್ಲಿಷ್ ಸಾಲು ನೋಡಿಕೊಂಡು ಕನ್ನಡ ಮಾಡಿದ್ದು. ಇಂಗ್ಲಿಷಿನಲ್ಲಿ ಮೇಲಿನವರೆಲ್ಲ 'ಸರ್'. ಕೊರಿಯನ್ನಿನಲ್ಲಿ ಹಾಗಿಲ್ಲ. ಆಸ್ಥಾನದ ಅಧಿಕಾರಿಗಳಲ್ಲಿ ಎರಡನೇ ದರ್ಜೆಯ ಹಿರಿಯ ಪದವಿ ಇದ್ದವರಿಗೆ ಮತ್ತು ಅದಕ್ಕೂ ಮೇಲಿನವರಿಗೆ 'ತೇಗಾಮ್', ಅವರಿಗಿಂತ ಒಂದು ಮೆಟ್ಟಿಲು ಕೆಳಗಿನವರಿಗೆ 'ಯೊಂಗ್‌ಗಾಮ್', ಇನ್ನೂ ಕೆಳಗಿನ ಅಧಿಕಾರಿಗೆ 'ನಾರಿ'. (ನಾರಿ ಅಂದಾಗಲೆಲ್ಲ ಅಮ್ಮ ಹೆಂಗಸನ್ನು ಹುಡುಕುತ್ತಿದ್ದಳು.) ಯೊಂಗ್‌ಗಾಮ್ ಈಗ ಮುದುಕ, ಮುದಿ ಗಂಡ ಅನ್ನುವ ಮಟ್ಟಕ್ಕೆ ಇಳಿದಿದೆ, ಒಂದು ಕಾಲಕ್ಕೆ ರಾಜಮನೆತನದ ಗೌರವದ ಮಾತಾಗಿದ್ದ 'ಮಾನೂರಾ' ಈಗ ಬರೀ ಹೆಂಡತಿ. ಇಂಗ್ಲಿಷ್ ಪಕ್ಕಕ್ಕಿಟ್ಟು ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕೂತ ಮೇಲೇ ಯಾರು ಯಾರಿಗಿಂತ ಎಷ್ಟು ಮೇಲೆ ಎಂಬುದು ತಿಳಿಯಲು ಶುರುವಾಯಿತು. ಸೇವಕನ ಪಾತ್ರದವನು ಬಾಯಿ ಬಿಟ್ಟರೆ ಸಾಕು, ಎದುರಿಗಿರುವವನ ಪದವಿ ಗೊತ್ತಾಗುತ್ತದೆ.

ಒಂದು ಲಾಭವೂ ಇತ್ತು. ಕೊರಿಯನ್ ನಮ್ಮ ಹಾಗೇ ಕ್ರಿಯಾಪದವನ್ನು ಕೊನೆಗೆ ಇಡುವ ಭಾಷೆ. ಮಂತ್ರಿಯೊಬ್ಬ "ಆ ಹೆಂಗಸಿಗೆ, ಯಾವ ಕರುಣೆಯೂ ಇಲ್ಲದೆ, ಈ ಕ್ಷಣವೇ..." ಎಂದು ಎಳೆದು ಕೊನೆಗೆ ವಿಷ ಉಗುಳಿದರೆ, ಇಂಗ್ಲಿಷ್ ಸಾಲು ವಿಷವನ್ನು ಮೊದಲೇ ಉಗುಳಿಬಿಟ್ಟಿರುತ್ತದೆ. ಕನ್ನಡದಲ್ಲಿ ಸಾಲನ್ನು ಎರಡಾಗಿ ಒಡೆದು ಆ ತಡೆಯನ್ನು ಹಾಗೇ ಉಳಿಸಬಹುದು.

ಇನ್ನು ಅಡುಗೆಯವನ ವಿಷಯ. ಪೂರ್ತಿ ಹೆಸರು ಕಾಂಗ್ ಡೊಕ್-ಗು. ಅನಾಥೆ ಜಾಂಗ್ ಗಮ್‌ಳನ್ನು ಮನೆಗೆ ಸೇರಿಸಿಕೊಂಡು ಸಾಕುವವನು, ಹೆಂಡತಿಯ ಬಾಯಿಗೆ ಹೆದರುವವನು, ದುಡ್ಡಿನ ಆಸೆಯವನು, ಒಳ್ಳೆಯವನು. ಪಾತ್ರ ಮಾಡಿದವರು ಇಮ್ ಹ್ಯೊನ್-ಶಿಕ್. ಅಮ್ಮನಿಗೆ ನಾಯಕಿಗಿಂತ ಇವರ ಮೇಲೆ ಹೆಚ್ಚು ಪ್ರೀತಿ ಹುಟ್ಟಿತು. ಹತ್ತನೇ ಕಂತು ಮುಗಿಯುವ ಹೊತ್ತಿಗೆ "ಆ ಗೊಗ್ಗರು ದನಿಯೋನು ಬರ್ತಾನಾ ಇವತ್ತು?" ಅಂತಲೇ ಶುರು.

ಇವರ ಸಾಲುಗಳಲ್ಲೇ ನನಗೆ ಎಡವಟ್ಟು. ಒಂದು ದನಿಯಲ್ಲಿ ಹೇಳಿದ ಮಾತು ಹಿಂದಿನಿಂದ ಗೊಣಗಾಗಿ ಮುಂದುವರಿಯುತ್ತದೆ, ದೃಶ್ಯ ಮುಗಿದರೂ ಬಾಯಿ ಮುಗಿಯುವುದಿಲ್ಲ. ಇವರು ಸ್ಕ್ರಿಪ್ಟ್‌ನಲ್ಲಿ ಇಲ್ಲದ್ದನ್ನು ಸೇರಿಸುವುದಕ್ಕೆ ಹೆಸರುವಾಸಿ ಎಂಬುದು ಆಮೇಲೆ ತಿಳಿಯಿತು. ಆ ಗೊಣಗನ್ನು ಬಿಟ್ಟರೆ ಮನುಷ್ಯನೇ ಇಲ್ಲ, ಬರೆದರೆ ಪರದೆಯ ಮೇಲೆ ಜಾಗವಿಲ್ಲ. ಕನ್ನಡ ಸಬ್‌ಟೈಟಲ್‌ಗೆ ಎರಡೇ ಸಾಲು. ಒತ್ತಕ್ಷರಗಳು ಕೆಳಗಿನ ಸಾಲಿನ ತಲೆಗೆ ತಾಗುವುದರಿಂದ ನಡುವೆ ಜಾಗ ಹೆಚ್ಚು ಬಿಡಬೇಕು. ಒಂದು ಸಾಲಿಗೆ ಮೂವತ್ತು ಅಕ್ಷರ ದಾಟಿದರೆ ಅಮ್ಮ "ಓಡ್ಸಬೇಡ್ವೇ" ಎನ್ನುತ್ತಿದ್ದಳು.

ಹಾಗಾಗಿ ಒಬ್ಬನೇ ನಟನ ಬೆನ್ನು ಹತ್ತಿದೆ. ಇಮ್ ಹ್ಯೊನ್-ಶಿಕ್ ಹುಟ್ಟಿದ್ದು 1945ರಲ್ಲಿ, ಜೊಲ್ಲಾ ಪ್ರಾಂತ್ಯದ ಸುನ್‌ಚಾಂಗ್‌ನಲ್ಲಿ. 1969ರಲ್ಲಿ ಎಂಬಿಸಿ ಟಿವಿ ಶುರುವಾದಾಗ ಆರಿಸಿಕೊಂಡ ಮೊದಲ ತಂಡದ ನಟರಲ್ಲಿ ಒಬ್ಬರು. ಆ ಕಾಲಕ್ಕೆ ಅಲ್ಲಿನ ವಾಹಿನಿಗಳು ಪರೀಕ್ಷೆ ಮಾಡಿ ನಟರನ್ನು ತಂಡ ತಂಡವಾಗಿ ಸೇರಿಸಿಕೊಳ್ಳುತ್ತಿದ್ದವು. ಎಂಬತ್ತರ ದಶಕದಲ್ಲಿ ರಾಜನ ಗುಪ್ತ ತನಿಖಾಧಿಕಾರಿಯ ಕಥೆಯೊಂದರಲ್ಲಿ ಜೊತೆಗಿರುವ ಆಳು ಗಾಪ್-ಬೊಂಗ್ ಆಗಿ ಮನೆಮಾತಾದರು. 1999-2000ರ 64 ಕಂತಿನ, ರಾಜವೈದ್ಯನೊಬ್ಬನ ಕಥೆಯಾದ 'ಹೊ ಜುನ್' ಧಾರಾವಾಹಿಯಲ್ಲಿ ಇಮ್ ಒ-ಗುನ್, ಆಮೇಲೆ ಡೊಕ್-ಗು, 2005ರಲ್ಲಿ 'ಸೊದೊಂಗ್‌ಯೊ'. ಕೊನೆಯ ಮೂರಕ್ಕೂ ಲೀ ಬ್ಯೊಂಗ್-ಹುನ್ ಅವರೇ ನಿರ್ದೇಶಕರು. ಅದೇ 'ಹೊ ಜುನ್'ನಲ್ಲಿ ಗುರುವಿನ ಪಾತ್ರ ಮಾಡಿದ ಲೀ ಸುನ್-ಜೆ ಮುಂದೆ 'ಯಿ ಸಾನ್' ಧಾರಾವಾಹಿಯಲ್ಲಿ ಯೊಂಗ್‌ಜೊ ದೊರೆಯಾದರು. ಇಮ್ ಹ್ಯೊನ್-ಶಿಕ್ ಮಾತ್ರ ನಾನು ನೋಡಿದ್ದರಲ್ಲೆಲ್ಲ ಆಳು, ಅಡುಗೆಯವನು, ಔಷಧದಂಗಡಿಯವನು. ಮೇಲಿನವರಿಗೆ ಬಗ್ಗಿ, ಪಕ್ಕಕ್ಕೆ ತಿರುಗಿ ಗೊಣಗುವ ಜನ. ಅದಕ್ಕೇ ನನಗೆ ಇವರ ಬದುಕಿಡೀ ಮಾಡಿದ ಪಾತ್ರಗಳು ಒಂದು ನಿಘಂಟಾದವು.

'ಹೊ ಜುನ್'ನಲ್ಲಿ ಇವರು ರೋಗಿಗಳ ಗುಂಪಿನ ಮುಂದೆ ನಿಂತು ಕೂಗುವ "ಜುರುಲ್ ಸೊಸಿಯೊ" ಕೊರಿಯಾದಲ್ಲಿ ಗಾದೆಯಷ್ಟು ಪ್ರಸಿದ್ಧ. ಅರ್ಥ ಇಷ್ಟೇ: ಸಾಲಾಗಿ ನಿಲ್ಲಿ. ನನಗೆ ಎರಡು ದಿನ ಹಿಡಿಯಿತು. ಆ 'ಸಿಯೊ' ಅನ್ನುವುದು ಪೂರ್ತಿ ಮರ್ಯಾದೆಯೂ ಅಲ್ಲ, ಸದರವೂ ಅಲ್ಲ. ಕೂಗುವವನು ದೊಡ್ಡ ಮನುಷ್ಯನಲ್ಲ, ಆದರೆ ಈ ಬಾಗಿಲಲ್ಲಿ ಸದ್ಯಕ್ಕೆ ಅವನದೇ ಅಧಿಕಾರ. "ಸಾಲಾಗಿ ನಿಲ್ಲಿ" ಬ್ಯಾಂಕಿನ ಬೋರ್ಡಿನ ಹಾಗಾಯಿತು. "ಸಾಲಲ್ಲಿ ನಿಲ್ರೋ" ಪೊಲೀಸಿನವನಂತೆ. ಅಮ್ಮ ಕೇಳಿಸಿಕೊಂಡು, ಸ್ಕೂಲಿನ ಬಿಸಿಯೂಟದ ನೆನಪು ತಂದುಕೊಂಡು, "ಸಾಲಾಗಿ ನಿಂತ್ಕೊಳ್ರಪ್ಪೋ" ಅಂದಳು. ಆ 'ಅಪ್ಪೋ' ಬಂದದ್ದೇ ಸಮಸ್ಯೆ ಬಗೆಹರಿಯಿತು. ಗದರಿಕೆಯೂ ಇದೆ, ಬೇಡಿಕೆಯೂ ಇದೆ.

ಅಮ್ಮನ ಇನ್ನೊಂದು ಉಪಕಾರ ಮಂತ್ರಿಗಳ ಸಭೆಯಲ್ಲಿ. ಕೊರಿಯನ್ ಚಾರಿತ್ರಿಕ ಧಾರಾವಾಹಿ ನೋಡಿದವರಿಗೆ ಗೊತ್ತು: ಕೆಂಪು ನಿಲುವಂಗಿಯ ಹತ್ತಿಪ್ಪತ್ತು ಪೋಷಕ ನಟರು ಒಟ್ಟಿಗೆ ಬಗ್ಗಿ "ಜೊನ್ಹಾ, ತೊಂಗ್‌ಚೊಕ್..." ಎಂದು ಶುರು ಮಾಡುತ್ತಾರೆ. ನಾನು "ಪ್ರಭು, ದಯವಿಟ್ಟು ಪರಾಮರ್ಶಿಸಬೇಕೆಂದು ಬೇಡಿಕೊಳ್ಳುತ್ತೇವೆ" ಎಂದು ಹಾಕಿದ್ದೆ. ಅಮ್ಮ ಓದಿ ಮುಗಿಸುವಷ್ಟರಲ್ಲಿ ಮಂತ್ರಿಗಳು ಎದ್ದು ಮನೆಗೆ ಹೋಗಿರುತ್ತಿದ್ದರು. "ಮಹಾಸ್ವಾಮಿ, ಚಿತ್ತಕ್ಕೆ ತರಬೇಕು" ಸಾಕಲ್ಲ, ಅಂದಳು. ಸಾಕಾಗಿತ್ತು. ರಾಜನ ಊಟಕ್ಕೆ ಅವರಲ್ಲಿ 'ಸುರಾ' ಎಂಬ ಬೇರೆಯೇ ಪದ. ನಮ್ಮಲ್ಲಿ 'ಆರೋಗಣೆ' ಇದೆ. ರಾಜನ ಮಲಕ್ಕೆ ಅಲ್ಲಿನ ಅರಮನೆಯಲ್ಲಿ 'ಮೆಹ್ವಾ', ಅಂದರೆ ಪ್ಲಮ್ ಮರದ ಹೂವು. ಇದಕ್ಕೆ ಸಮನಾದದ್ದನ್ನು ನಾನು ಹುಡುಕಲಿಲ್ಲ.

ರಾಣಿಯನ್ನು 'ಮಾಮಾ' ಎಂದು ಕರೆದಾಗ ಏನಾಯಿತು ಎಂದು ಹೇಳಬೇಕಾಗಿಲ್ಲ.

ಈಗ ನನ್ನ ದೊಡ್ಡ ತಪ್ಪು. ಡೊಕ್-ಗುಗೆ ಜೀವ ತುಂಬುವ ಹುಮ್ಮಸ್ಸಿನಲ್ಲಿ ಅವನ ಮಾತನ್ನೆಲ್ಲ ಧಾರವಾಡದ ಕಡೆಯ ಕನ್ನಡಕ್ಕೆ ತಿರುಗಿಸಿದೆ. ಆರು ಕಂತು ಹಾಗೇ ಆಯಿತು. ಅಮ್ಮನನ್ನು ನೋಡಲು ಬಂದ ನನ್ನ ಹುಬ್ಬಳ್ಳಿಯ ಗೆಳತಿ ಅರ್ಧ ಗಂಟೆ ನೋಡಿ ರಿಮೋಟ್ ಕೆಳಗಿಟ್ಟಳು. "ರಾಣಿಗೆ ನಿಮ್ಮ ಮೈಸೂರು ಕನ್ನಡ, ನಗಸಾಂವಗ ನಮ್ಮದು. ಯಾಕವಾ?" ಉತ್ತರ ಇರಲಿಲ್ಲ. ಮಂಡ್ಯಕ್ಕೆ ಬದಲಿಸೋಣವೇ ಎಂದರೆ ಅದೂ ಅದೇ ಕಥೆ. ಮುಜುಗರದ ವಿಷಯ ಏನೆಂದರೆ, ಕೊರಿಯನ್ ಟಿವಿಯ ಮೇಲೂ ಇದೇ ದೂರಿದೆ: ಆಳುಕಾಳು, ರೌಡಿಗಳ ಬಾಯಿಗೆ ಜೊಲ್ಲಾ ಸೀಮೆಯ ಮಾತು ಹಾಕುತ್ತಾರೆಂದು. ಇಮ್ ಹ್ಯೊನ್-ಶಿಕ್ ಹುಟ್ಟಿದ್ದೇ ಆ ಸೀಮೆಯಲ್ಲಿ. ಅವರ ಬಾಯಿಗೆ ನಾನು ಇಲ್ಲಿ ಅದನ್ನೇ ಮಾಡಿದ್ದೆ.

ಆರೂ ಕಂತು ಅಳಿಸಿದೆ. ಮತ್ತೆ ಕೂತು, ಚಿತ್ರ ನೋಡದೆ ದನಿ ಮಾತ್ರ ಕೇಳಿದೆ. ಆಗ ಹೊಳೆದದ್ದು, ನಗು ಇರುವುದು ಯಾವ ಊರಿನ ಮಾತು ಎಂಬುದರಲ್ಲಲ್ಲ, ಮಾತಿನ ಕೊನೆಯಲ್ಲಿ. ಕೊರಿಯನ್ನಿನಲ್ಲಿ ಮರ್ಯಾದೆ ಕ್ರಿಯಾಪದದ ಬಾಲದಲ್ಲಿರುತ್ತದೆ, 'ನೀನು' 'ನೀವು' ಬಹಳ ಸಲ ಇರುವುದೇ ಇಲ್ಲ. ಹಾಗಾಗಿ ಜೋರಾಗಿ ಶುರು ಮಾಡಿದವನು, ಹೆಂಡತಿ ಕಣ್ಣು ಬಿಟ್ಟಳೆಂದರೆ, ಬಾಲದಲ್ಲಿ ಮೆತ್ತಗಾಗಬಹುದು. ನಾನು ಸಾಲಿನ ಮೊದಲಿಗೆ 'ನೀನು' ಹಾಕಿ ಆ ದಾರಿ ಮುಚ್ಚುತ್ತಿದ್ದೆ. ಸರ್ವನಾಮ ಕಿತ್ತು ಹಾಕಿ, "ಇಷ್ಟು ಹೊತ್ತು ಎಲ್ಲಿ ಹಾಳಾಗಿ..." ಎಂದು ಮೊದಲ ತುಣುಕು, "...ಹೋಯ್ತೋ ಈ ಹೊತ್ತು ಅಂದೆ ಕಣೇ" ಎಂದು ಎರಡನೆಯದು ಮಾಡಿದೆ. ಅಮ್ಮ ನಕ್ಕಳು. ಹೊಲಿಗೆ ಹಾಕಿದ ಮಂಡಿ ನೋಯುವಷ್ಟು ನಕ್ಕಳು ಎಂದು ಆಮೇಲೆ ಬೈದಳು. ಗೊಣಗಿನ ಪೈಕಿ ಮೂರರಲ್ಲಿ ಒಂದನ್ನು ಮಾತ್ರ ಬರೆದೆ. ಉಳಿದದ್ದನ್ನು ಅವರ ದನಿಗೇ ಬಿಟ್ಟೆ. ಅರ್ಥವಾಗದಿದ್ದರೂ ಗೊಣಗು ಯಾವ ಭಾಷೆಯಲ್ಲಾದರೂ ಗೊಣಗೇ.

ಕೊನೆಗೆ ಉಳಿದದ್ದು ಅವನ ಕಸುಬಿನ ಹೆಸರು. ಮೂಲದಲ್ಲಿ 'ಸುಕ್ಸು', ಅರಮನೆಯ ಗಂಡು ಅಡುಗೆಯವನು. ಧಾರಾವಾಹಿ ನೋಡಿದರೆ ಅಡುಗೆಯೆಲ್ಲ ಹೆಂಗಸರದೇ ಅನ್ನಿಸುತ್ತದೆ. ನಿಜವಾದ ಚೋಸನ್ ಅರಮನೆಯಲ್ಲಿ ದೊಡ್ಡ ಔತಣಗಳಿಗೆ ಬೆವರು ಸುರಿಸಿದವರು ಈ ಗಂಡಸರು. 'ಅಡುಗೆ ಭಟ್ಟ' ಎಂದು ಹಾಕಿದ್ದೆ. ಅಮ್ಮ ಕನ್ನಡಕ ಮೇಲೇರಿಸಿ, "ಭಟ್ಟ ಹಂದಿ ಕೊಯ್ದು ಹೆಂಡ ಕಾಯಿಸ್ತಾನೇನೇ?" ಎಂದಳು. ಸರಿ, ತೆಗೆದೆ. 'ಬಾಣಸಿಗ' ಎಂದರೆ ಫೈವ್ ಸ್ಟಾರ್ ಹೋಟೆಲಿನ ಬಿಳಿ ಟೋಪಿ ಕಣ್ಣಿಗೆ ಬರುತ್ತದೆ, ಹಳಗನ್ನಡದಿಂದ ಬಂದ ಪದವಾದರೂ. 'ಸುಕ್ಸು' ಎಂದೇ ಬಿಟ್ಟರೆ ಯಾರಿಗೂ ತಿಳಿಯದು. ಹೀಗೆ ಒಂದು ವಾರ ಒದ್ದಾಡಿದ ಮೇಲೆ 'ಅರಮನೆ ಅಡುಗೆಯೋನು' ಎಂದು ಹಾಕಿ 54ನೇ ಕಂತಿನ ಫೈಲ್ ಸೇವ್ ಮಾಡಿದೆ. ಅಷ್ಟರಲ್ಲಿ ಅಮ್ಮ ಕೋಲು ಬಿಟ್ಟು ನಡೆಯಲು ಶುರು ಮಾಡಿದ್ದಳು. 'ಹೊ ಜುನ್'ದು ಇನ್ನೂ ನಲವತ್ತೊಂದು ಕಂತು ಬಾಕಿ ಇದೆ, ಅವಳು ದಿನಾ ಕೇಳುತ್ತಾಳೆ.